ದಿಗಿಣದಿಂದ ನಿಲುವಿಗೆ: ಪುಂಡುವೇಷಕ್ಕೊಂದು ಅನಿಮೇಶನ್ ಲೈಬ್ರರಿ

ಆಟಗಳನ್ನು ಕಟ್ಟುವ ಎಂಜಿನ್ ಗೊಡಾಟ್ 4.3ರಲ್ಲಿ ಬರೆದ ಮೂರು ಕಡತಗಳ ಪುಟ್ಟ ಲೈಬ್ರರಿ ಇದು, ಹೆಸರು ‘ಸರಾಗ’. ಆಟದ ಪಾತ್ರ ಒಂದು ಸ್ಥಿತಿಯಿಂದ ಇನ್ನೊಂದಕ್ಕೆ ಹೊರಳುವಾಗ ಮೈ ಪಕ್ಕನೆ ಜಿಗಿಯಬಾರದು, ಹಾಗೆಂದು ಮೈಯಲ್ಲಿದ್ದ ವೇಗವೂ ಸತ್ತುಹೋಗಬಾರದು. ಅಷ್ಟನ್ನು ನೋಡಿಕೊಳ್ಳುವುದು ಅದರ ಕೆಲಸ. ಗೊಡಾಟ್‌ನಲ್ಲಿ ಇದಕ್ಕೆಂದೇ, ಹಳೆಯ ಚಲನೆಯನ್ನು ಹೊಸದರೊಳಗೆ ಬೆರೆಸುತ್ತಾ ಹೋಗುವ, ಕ್ರಾಸ್‌ಫೇಡ್ ಇದೆ, ಹೆಚ್ಚಿನ ಆಟಗಳಿಗೆ ಅದೇ ಧಾರಾಳ. ತೆಂಕುತಿಟ್ಟು ಯಕ್ಷಗಾನದ ಚುರುಕು ಕುಣಿತದ ಪುಂಡುವೇಷಕ್ಕೆ ಮಾತ್ರ ಸಾಕಾಗಲಿಲ್ಲ.

ಆಟ ಮೊಬೈಲಿನದು. ಚೆಂಡೆ ನುಡಿಯುತ್ತಿರುತ್ತದೆ, ಆಡುವವರು ಪೆಟ್ಟಿಗೆ ಸರಿಯಾಗಿ ಸ್ಕ್ರೀನ್ ಮುಟ್ಟಿದರೆ ವೇಷ ಗಿರಕಿ ಹೊಡೆಯುತ್ತದೆ, ದಿಗಿಣ (ಸುತ್ತುತ್ತಾ ಹಾರುವ ಜಿಗಿತ) ಹಾರುತ್ತದೆ. ತಾಳ ತಪ್ಪಿದರೆ ನಿಲುವಿಗೆ ಬರುತ್ತದೆ. ಸದ್ಯಕ್ಕೆ ಇರುವ ಕ್ಲಿಪ್ಪುಗಳು, ಅಂದರೆ ಚಲನೆಯ ತುಣುಕುಗಳು, ಆರು: ನಿಲುವು, ನಡೆ, ಪ್ರವೇಶ ಕುಣಿತ, ಗಿರಕಿ, ದಿಗಿಣ, ಮುಕ್ತಾಯ. ಯಕ್ಷಗಾನ ನಾಟ್ಯ ಕಲಿಯುತ್ತಿರುವ ತಂಗಿಯ ಮಗಳು ನೀರ್ಚಾಲಿನ ನಮ್ಮ ಅಂಗಳದಲ್ಲಿ, ಅಡಕೆ ಹರವುವ ಮೊದಲು, ಗೆಜ್ಜೆ ಕಟ್ಟಿ ಕುಣಿದಳು. ಎದುರಿಗೊಂದು, ಬದಿಗೊಂದು ಫೋನ್ ಇಟ್ಟು ಸೆಕೆಂಡಿಗೆ 60 ಫ್ರೇಮಿನಂತೆ ಹಿಡಿದೆವು. ಆ ವೀಡಿಯೊ ನೋಡಿಕೊಂಡು ಬ್ಲೆಂಡರ್ ಎಂಬ 3ಡಿ ತಂತ್ರಾಂಶದಲ್ಲಿ ಒಂದೊಂದು ಭಂಗಿಗೂ ಕೈಯಿಂದಲೇ ಕೀ ಹಾಕಿದ್ದು. ಅದರ ಕಥೆಯೇ ಬೇರೆ, ಇಲ್ಲಿ ಬೇಡ.

ಕ್ರಾಸ್‌ಫೇಡ್ ಎಲ್ಲಿ ಸೋಲುತ್ತದೆ

ಗೊಡಾಟ್‌ನ ಅನಿಮೇಶನ್‌ಟ್ರೀಯಲ್ಲಿ ಸ್ಟೇಟ್ ಮೆಷಿನ್ (ಪಾತ್ರದ ಸ್ಥಿತಿಗಳ ನಕ್ಷೆ) ಕಟ್ಟಿ, ಒಂದು ಸ್ಥಿತಿಯಿಂದ ಇನ್ನೊಂದಕ್ಕೆ ಬಾಣ ಎಳೆದರೆ, ಆ ಬಾಣಕ್ಕೆ ಎಕ್ಸ್‌ಫೇಡ್ ಟೈಮ್ ಎಂಬ ಒಂದು ಅಂಕಿ ಕೊಡಬಹುದು. ಎಲ್ಲದಕ್ಕೂ 0.25 ಸೆಕೆಂಡ್ ಕೊಟ್ಟು ಶುರುಮಾಡಿದ್ದು. ಈ ಕಾಲು ಸೆಕೆಂಡಿನಲ್ಲಿ ಹಳೆಯ ಕ್ಲಿಪ್ಪೂ ಓಡುತ್ತಿರುತ್ತದೆ, ಹೊಸದೂ ಓಡುತ್ತದೆ. ಹಳೆಯದರ ಪಾಲು ಇಳಿಯುತ್ತದೆ, ಹೊಸದರದ್ದು ಏರುತ್ತದೆ, ನಡುವೆ ಪಾತ್ರದ ಡಿಜಿಟಲ್ ಅಸ್ಥಿಪಂಜರದ (ಸ್ಕೆಲಿಟನ್) ಪ್ರತಿ ಮೂಳೆಗೂ ಸಿಗುವುದು ಎರಡು ಭಂಗಿಗಳ ಮಿಶ್ರಣ.

ನಡೆಯಿಂದ ನಿಲುವಿಗೆ ಬರುವಾಗ ಎರಡೂ ಭಂಗಿ ಹತ್ತಿರ ಹತ್ತಿರ ಇರುತ್ತವೆ, ಮಿಶ್ರಣವೂ ನಂಬುವ ಹಾಗಿರುತ್ತದೆ. ಆದರೆ ದಿಗಿಣದ ನಡುವೆ, ಕಾಲು ಮಡಚಿ, ಕೈ ಎರಡೂ ಹರಡಿ, ಮೈ ಅರ್ಧ ಸುತ್ತಿದ ಹೊತ್ತಿನಲ್ಲೇ ಆಡುವವರು ತಾಳ ತಪ್ಪಿಸಿದರೆ? ಆ ಭಂಗಿಗೂ ನೆಟ್ಟಗಿನ ನಿಲುವಿಗೂ ಅರ್ಧಂಬರ್ಧ ಎಂಬ ಭಂಗಿಯನ್ನು ಯಾವ ಕಲಾವಿದನೂ ಹಿಡಿದವನಲ್ಲ. ಮೊಣಕಾಲು ಅರೆಬರೆ ಮಡಚಿಕೊಂಡು, ಅಂಗೈ ಭುಜಕೀರ್ತಿಯೊಳಗೆ ತೂರಿಕೊಂಡು, ಇಡೀ ಮೈ ಕ್ಷಣಕಾಲ ಕುಗ್ಗಿದಂತೆ ಕಾಣುತ್ತಿತ್ತು.

ಇನ್ನೂ ಕೆಟ್ಟದ್ದು ಸುತ್ತು. ವೇಷ ಎಡಕ್ಕೆ ಸುತ್ತುತ್ತಾ 150 ಡಿಗ್ರಿಗೆ ಬಂದಿದೆ, ಆಗ ನಿಲುವಿಗೆ ಬಾ ಎಂಬ ಆಜ್ಞೆ. ನಿಲುವಿನ ಮುಖ 0 ಡಿಗ್ರಿಗೆ. ಮುಂದೆ ಸುತ್ತಿ ಹೋದರೆ 210 ಡಿಗ್ರಿ, ಹಿಂದೆ ತಿರುಗಿದರೆ 150. ಎಂಜಿನ್ ಹತ್ತಿರದ ದಾರಿ ಹಿಡಿಯುತ್ತದೆ. ಅಂದರೆ ಸೆಕೆಂಡಿಗೆ 500 ಡಿಗ್ರಿಯ ರಭಸದಲ್ಲಿ ಎಡಕ್ಕೆ ಹೋಗುತ್ತಿದ್ದವನು ಒಮ್ಮೆಲೇ ಬಲಕ್ಕೆ ತಿರುಗಿಬಿಡುತ್ತಾನೆ. ತಂಗಿಯ ಮಗಳು ಇದನ್ನು ಮೊದಲ ಸಲ ನೋಡಿದಾಗ ನಗು ತಡೆಯಲಾಗದೆ, “ಮಾವ, ಇವನು ಪದ ಮರೆತು ಚೌಕಿಗೆ ಓಡುವುದಾ ಎಂತ?” ಎಂದು ಕೇಳಿದಳು. ಚೌಕಿ ಅಂದರೆ ವೇಷ ಕಟ್ಟುವ ಜಾಗ.

ಇದರ ಬೇರು ಕ್ವಾಟರ್ನಿಯನ್ನಿನಲ್ಲಿದೆ. ಮೂಳೆಗಳ ತಿರುಗುವಿಕೆಯನ್ನು ಎಂಜಿನ್‌ಗಳು ನಾಲ್ಕು ಅಂಕಿಗಳ ಈ ರೂಪದಲ್ಲಿ ಇಟ್ಟುಕೊಳ್ಳುತ್ತವೆ. ಹ್ಯಾಮಿಲ್ಟನ್ 1843ರಲ್ಲಿ ಕಂಡುಕೊಂಡ ಈ ಗಣಿತವನ್ನು ಅನಿಮೇಶನ್ನಿಗೆ ತಂದದ್ದು ಕೆನ್ ಶೂಮೇಕ್, 1985ರಲ್ಲಿ. ಎರಡು ತಿರುವುಗಳ ನಡುವೆ ಸಮವೇಗದಲ್ಲಿ ಸಾಗುವ ‘ಸ್ಲರ್ಪ್’ ಅವರದ್ದೇ. ಇದರ ಗುಣ ಒಂದುಂಟು: ನಾಲ್ಕೂ ಅಂಕಿಗಳ ಚಿಹ್ನೆ ಬದಲಿಸಿದರೂ ತಿರುವು ಅದೇ. ಹಾಗಾಗಿ ಬೆರೆಸುವ ಮೊದಲು ಎರಡರಲ್ಲಿ ಹತ್ತಿರದ್ದನ್ನು ಆರಿಸಿಕೊಳ್ಳುವುದು ರೂಢಿ. ಮೊಣಕೈ, ಕತ್ತುಗಳಿಗೆ ಇದು ಸರಿಯಾದ ರೂಢಿಯೇ. ಕ್ವಾಟರ್ನಿಯನ್ನಿಗೆ ನೆನಪಿಲ್ಲದಿರುವುದು ಸುತ್ತುಗಳ ಲೆಕ್ಕ. ಮೂರು ಗಿರಕಿ ಹೊಡೆದವನೂ ಹೊಡೆಯದೇ ನಿಂತವನೂ ಅದಕ್ಕೆ ಒಂದೇ.

ಸುಲಭದ ಔಷಧ, ಅದರ ಅಡ್ಡಪರಿಣಾಮ

ಇಂಥ ತೊಂದರೆಗೆ ಹೆಚ್ಚಿನವರು ಹಚ್ಚುವ ಮದ್ದು ಒಂದು ಸಾಲಿನದು: ಪ್ರತಿ ಫ್ರೇಮಿನಲ್ಲೂ ಈಗಿನ ಭಂಗಿಯಿಂದ ಬೇಕಾದ ಭಂಗಿಯ ಕಡೆಗೆ ಶೇ 10ರಷ್ಟು ಸರಿ. ಬರೆಯಲು ಸುಲಭ, ಬರೆದವರ ಕಂಪ್ಯೂಟರಿನಲ್ಲಿ ಚೆನ್ನಾಗಿಯೂ ಕಾಣುತ್ತದೆ. ಲೆಕ್ಕ ಹಾಕಿದರೆ ಹುಳುಕು ಗೊತ್ತಾಗುತ್ತದೆ. ಸೆಕೆಂಡಿಗೆ 60 ಫ್ರೇಮ್ ಓಡುವ ಫೋನಿನಲ್ಲಿ ಒಂದು ಸೆಕೆಂಡ್ ಆದ ಮೇಲೆ ಉಳಿಯುವ ದೂರ 0.9ರ 60ನೇ ಘಾತ, ಅಂದರೆ ಶೇ 0.18. ಬಿಸಿಯಾಗಿ 30 ಫ್ರೇಮಿಗೆ ಇಳಿದ ಹಳೆ ಫೋನಿನಲ್ಲಿ ಅದೇ ಒಂದು ಸೆಕೆಂಡಿಗೆ ಶೇ 4.2. ಒಂದೇ ವೇಷ ಒಬ್ಬರ ಕೈಯಲ್ಲಿ ಚುರುಕು, ಇನ್ನೊಬ್ಬರ ಕೈಯಲ್ಲಿ ಜಡ.

ಶೇ 10 ಎಂಬ ಸ್ಥಿರ ಅಂಕಿಯ ಬದಲು ಫ್ರೇಮಿನ ಅವಧಿಯನ್ನು ಒಳಗೊಂಡ ಘಾತಾಂಕ ಕ್ಷಯ ಬಳಸಿದರೆ ಈ ಭೇದ ಹೋಗುತ್ತದೆ. ಅಷ್ಟು ಮಾಡಿದರೂ ದೊಡ್ಡ ದೂರು ಹಾಗೇ ಉಳಿಯುತ್ತದೆ. ಈ ಮದ್ದು ಸ್ಥಿತಿ ಬದಲಾಗುವ ಕ್ಷಣವನ್ನಷ್ಟೇ ನಯಗೊಳಿಸುವುದಿಲ್ಲ, ಕ್ಲಿಪ್ಪಿನೊಳಗಿನ ಒಂದೊಂದು ಚಲನೆಯನ್ನೂ ಹಿಂದಿನಿಂದ ಹಿಂಬಾಲಿಸುತ್ತದೆ. ಬ್ಲೆಂಡರಿನಲ್ಲಿ ಕಷ್ಟಪಟ್ಟು ತಂದ ಹುಬ್ಬಿನ ಏರು, ಮಣಿಕಟ್ಟಿನ ಕೊಂಕು, ಹೆಜ್ಜೆ ಊರುವ ಗಡಸು ಎಲ್ಲ ಮೊಂಡಾಗುತ್ತವೆ. ಸೋಸಬೇಕಾದ್ದು ಎರಡು ಕ್ಲಿಪ್ಪಿನ ನಡುವಿನ ಬಿರುಕು ಮಾತ್ರ, ಕುಣಿತವನ್ನಲ್ಲ.

ಬಾಕಿ ಲೆಕ್ಕ

ಆ ಬಿರುಕನ್ನು ಮಾತ್ರ ಮುಟ್ಟುವ ದಾರಿ ಇನರ್ಶಿಯಲೈಸೇಶನ್. ‘ಗೇರ್ಸ್ ಆಫ್ ವಾರ್’ ಆಟಕ್ಕಾಗಿ ದ ಕೊಯಲಿಶನ್ ಸ್ಟುಡಿಯೋದಲ್ಲಿ ಬಳಸಿದ ಈ ವಿಧಾನವನ್ನು ಡೇವಿಡ್ ಬೊಲ್ಲೊ 2018ರ ಗೇಮ್ ಡೆವಲಪರ್ಸ್ ಕಾನ್ಫರೆನ್ಸಿನಲ್ಲಿ ವಿವರಿಸಿದರು. ಈಗ ಅನ್‌ರಿಯಲ್ ಎಂಜಿನ್ನಿನಲ್ಲಿ ಅದಕ್ಕೆಂದೇ ಒಂದು ನೋಡ್ (ಸಿದ್ಧ ಘಟಕ) ಇದೆ. ಗೊಡಾಟ್ 4.3ರಲ್ಲಿ ನಾವೇ ಬರೆದುಕೊಳ್ಳಬೇಕು.

ಸ್ಥಿತಿ ಬದಲಾದ ಕ್ಷಣದಲ್ಲೇ ಹಳೆಯ ಕ್ಲಿಪ್ಪನ್ನು ಬಿಟ್ಟುಬಿಡುವುದು. ಆ ಹೊತ್ತಿಗೆ ಸ್ಕ್ರೀನಿನ ಮೇಲಿದ್ದ ಭಂಗಿಗೂ ಹೊಸ ಕ್ಲಿಪ್ಪಿನ ಭಂಗಿಗೂ ಎಷ್ಟು ಅಂತರ, ಎರಡರ ವೇಗಕ್ಕೂ ಎಷ್ಟು ಅಂತರ ಎಂದು ಬರೆದುಕೊಳ್ಳುವುದು. ಆಮೇಲೆ ಓಡುವುದು ಹೊಸ ಕ್ಲಿಪ್ ಒಂದೇ, ಅದರ ಮೇಲೆ ಆ ಅಂತರವನ್ನು ಕೂಡಿಸಿ, ಫ್ರೇಮಿನಿಂದ ಫ್ರೇಮಿಗೆ ಕರಗಿಸುತ್ತಾ ಸೊನ್ನೆಗೆ ತರುವುದು. ಅಡಕೆ ಅಂಗಡಿಯವರು ವರ್ಷದ ಕೊನೆಗೆ ಹಳೆ ಪುಸ್ತಕ ಮುಚ್ಚಿ, ಬಾಕಿಯನ್ನು ಮಾತ್ರ ಹೊಸ ಪುಸ್ತಕದ ಮೊದಲ ಪುಟಕ್ಕೆ ಇಳಿಸಿಕೊಳ್ಳುತ್ತಾರಲ್ಲ, ಆ ಕ್ರಮ. ಹಾಗಾಗಿ ಕೋಡಿನಲ್ಲೂ ಅದಕ್ಕೆ ‘ಬಾಕಿ’ ಎಂದೇ ಹೆಸರಿಟ್ಟಿದ್ದೇನೆ.

ಎರಡು ಕ್ಲಿಪ್ಪಿನ ಬದಲು ಒಂದನ್ನೇ ಓದುವುದರಿಂದ ಫೋನಿನ ಮೇಲೆ ಭಾರವೂ ಕಡಿಮೆ. ಬೊಲ್ಲೊ ಇದನ್ನು ವೇಗದ ಉಪಾಯವೆಂದೇ ಮುಂದಿಟ್ಟದ್ದು.

ಅವರು ಬಾಕಿಯನ್ನು ಕರಗಿಸಲು ಬಳಸಿದ್ದು ಐದನೇ ಘಾತದ ಬಹುಪದಿ. ಕೊಟ್ಟ ಅವಧಿಗೆ ಸರಿಯಾಗಿ ಬಾಕಿ ಸೊನ್ನೆಯಾಗುತ್ತದೆ, ಲೆಕ್ಕ ಅಚ್ಚುಕಟ್ಟು. ನಾನು ಹಿಡಿದದ್ದು ಅನಿಮೇಶನ್ ಸಂಶೋಧಕ ಡೇನಿಯಲ್ ಹೋಲ್ಡನ್ ಬರೆದು ತೋರಿಸಿರುವ ಸ್ಪ್ರಿಂಗ್ ರೂಪ. ಅದಕ್ಕೆ ಯಾವಾಗ ಶುರುವಾಯಿತು, ಎಷ್ಟು ಹೊತ್ತಾಯಿತು ಎಂಬ ನೆನಪೇ ಬೇಡ, ಬಾಕಿ ಮತ್ತು ವೇಗ ಎಂಬ ಎರಡೇ ಅಂಕಿ ಸಾಕು. ಇಡೀ ಲೈಬ್ರರಿಯ ಹೃದಯ ಈ ಐದು ಸಾಲು. ಗೊಡಾಟ್ ಕನ್ನಡ ಹೆಸರುಗಳನ್ನು ಒಪ್ಪುವುದರಿಂದ ಚರಗಳು ಹೀಗೇ ಇವೆ, ಫಂಕ್ಷನ್ ಹೆಸರನ್ನಷ್ಟೇ ಓದಲು ಅನುಕೂಲವಾಗುವಂತೆ ಇಲ್ಲಿ ಬದಲಿಸಿದ್ದೇನೆ:

ಯ = 1.386 ÷ ಅರ್ಧಾಯು
ಜ = ವೇಗ + ಬಾಕಿ × ಯ
ಕ್ಷಯ = ಎಕ್ಸ್‌ಪ್(−ಯ × ಡೆಲ್ಟಾ)
ಬಾಕಿ = ಕ್ಷಯ × (ಬಾಕಿ + ಜ × ಡೆಲ್ಟಾ)
ವೇಗ = ಕ್ಷಯ × (ವೇಗ − ಜ × ಯ × ಡೆಲ್ಟಾ)

ಡೆಲ್ಟಾ ಅಂದರೆ ಫ್ರೇಮಿನ ಅವಧಿ. ಅರ್ಧಾಯು ಅಂದರೆ ಬಾಕಿ ಎಷ್ಟು ಬೇಗ ಕರಗಬೇಕೆಂದು ನಾವು ಸೆಕೆಂಡಿನಲ್ಲಿ ಕೊಡುವ ಅಂಕಿ; ಯ, ಜ ಎರಡೂ ನಡುವಿನ ಲೆಕ್ಕಕ್ಕೆ. 1.386 ಎಂಬುದು 2ರ ಸ್ವಾಭಾವಿಕ ಲಾಗ್‌ನ ಎರಡು ಪಟ್ಟು. ಇದು ಕ್ರಿಟಿಕಲ್ ಡ್ಯಾಂಪಿಂಗ್ ಇರುವ ಸ್ಪ್ರಿಂಗ್, ಅಂದರೆ ತೂಗಾಡದೆ ಆದಷ್ಟು ಬೇಗ ಜಾಗಕ್ಕೆ ಬಂದು ಕೂರುವಂಥದ್ದು. ಫ್ರೇಮಿನಿಂದ ಫ್ರೇಮಿಗೆ ಅಂದಾಜು ಮಾಡುತ್ತಾ ಹೋಗುವುದಲ್ಲ, ಸಮೀಕರಣದ ಪೂರ್ಣ ಪರಿಹಾರವೇ ಆದ್ದರಿಂದ ಫೋನ್ ನಡುವೆ ತೊದಲಿ ಒಂದು ಫ್ರೇಮ್ ಹತ್ತು ಪಟ್ಟು ಉದ್ದವಾದರೂ ಉತ್ತರ ಸರಿಯಾಗಿಯೇ ಬರುತ್ತದೆ, ಸ್ಪ್ರಿಂಗ್ ಸಿಡಿಯುವುದಿಲ್ಲ. ಅರ್ಧಾಯು ಎಂಬ ಹೆಸರನ್ನು ಮಾತ್ರ ಅಕ್ಷರಶಃ ನಂಬಬೇಡಿ. ವೇಗವಿಲ್ಲದೆ ಹೊರಟ ಬಾಕಿ ಒಂದು ಅರ್ಧಾಯುವಿನ ಹೊತ್ತಿಗೆ ಅರ್ಧಕ್ಕೆ ಇಳಿದಿರುವುದಿಲ್ಲ, ಶೇ 60ರಷ್ಟು ಉಳಿದೇ ಇರುತ್ತದೆ. ಸ್ಪ್ರಿಂಗ್ ಹೊರಡಲು ಸ್ವಲ್ಪ ಹೊತ್ತು ತೆಗೆದುಕೊಳ್ಳುತ್ತದೆ.

ಮೂಳೆಯ ತಿರುವಿಗೆ ಬಾಕಿ ಒಂದು ಅಂಕಿಯಲ್ಲ, ಮೂರು. ಸ್ಕ್ರೀನಿನ ಮೇಲಿದ್ದ ತಿರುವನ್ನು ಹೊಸ ಕ್ಲಿಪ್ಪಿನ ತಿರುವಿನ ವಿಲೋಮದಿಂದ ಗುಣಿಸಿ, ಬಂದ ಕ್ವಾಟರ್ನಿಯನ್ನಿನ ನಾಲ್ಕನೇ ಅಂಕಿ ಋಣವಾಗಿದ್ದರೆ ಚಿಹ್ನೆ ಬದಲಿಸಿ, ಆಮೇಲೆ ಅಕ್ಷವನ್ನು ಕೋನದಿಂದ ಗುಣಿಸಿದ ವೆಕ್ಟರಾಗಿ ಇಳಿಸಿಕೊಳ್ಳಬೇಕು. ಮೂರು ಅಂಕಿಗೂ ಮೇಲಿನ ಐದು ಸಾಲು ಓಡಿಸಿ, ಮತ್ತೆ ಕ್ವಾಟರ್ನಿಯನ್ ಮಾಡಿ ಹೊಸ ಕ್ಲಿಪ್ಪಿನ ತಿರುವಿಗೆ ಗುಣಿಸಿದರೆ ಆಯಿತು. ಆ ಚಿಹ್ನೆಯ ಸಾಲನ್ನು ಬಿಟ್ಟರೆ ಒಮ್ಮೊಮ್ಮೆ ಕತ್ತು ಇಡೀ ಒಂದು ಸುತ್ತು ಸುತ್ತಿಬರುತ್ತದೆ. ಭೂತದ ಪಾತ್ರಕ್ಕೆ ಬೇಕಾದರೆ ಇಟ್ಟುಕೊಳ್ಳಬಹುದು.

ಗೊಡಾಟ್‌ನೊಳಗೆ ಕೂರಿಸುವುದು

ಗೊಡಾಟ್ 4.3ರಲ್ಲಿ ಬಂದ ಸ್ಕೆಲಿಟನ್‌ಮಾಡಿಫೈಯರ್3ಡಿ ಎಂಬ ನೋಡ್ ಈ ಕೆಲಸಕ್ಕೆ ಹೇಳಿ ಮಾಡಿಸಿದ್ದು. ಅನಿಮೇಶನ್‌ಟ್ರೀ ಮೂಳೆಗಳನ್ನು ಜಾಗಕ್ಕೆ ತಂದ ಮೇಲೆ, ಚಿತ್ರ ಬರೆಯುವ ಮೊದಲು, ಇದಕ್ಕೆ ಒಂದು ಸರದಿ ಸಿಗುತ್ತದೆ. ಗಮನಿಸಬೇಕಾದ್ದು: ಇಲ್ಲಿ ಮಾಡಿದ ಬದಲಾವಣೆ ಆ ಫ್ರೇಮಿಗೆ ಮಾತ್ರ. ಚಿತ್ರಕ್ಕೆ ಬೇಕಾದ್ದನ್ನು ಕೊಟ್ಟ ಬಳಿಕ ಎಂಜಿನ್ ಮೂಳೆಗಳನ್ನು ಅನಿಮೇಶನ್ ಕೊಟ್ಟ ಮೂಲ ಭಂಗಿಗೇ ಮರಳಿಸುತ್ತದೆ. ಹಾಗಾಗಿ ಮುಂದಿನ ಫ್ರೇಮಿನಲ್ಲಿ ಸ್ಕೆಲಿಟನ್ನನ್ನು ಕೇಳಿದರೆ ಸಿಗುವುದು ಕ್ಲಿಪ್ಪಿನ ಶುದ್ಧ ಭಂಗಿ, ಸ್ಕ್ರೀನಿನ ಮೇಲೆ ಕಂಡದ್ದಲ್ಲ. ಹೊಸ ಕ್ಲಿಪ್ಪಿನ ಕಲಬೆರಕೆಯಿಲ್ಲದ ಭಂಗಿ ತಾನಾಗಿಯೇ ಸಿಗುವುದು ನಮಗೆ ಲಾಭ, ಆದರೆ ಕಂಡದ್ದನ್ನು ನಾವೇ ಬರೆದಿಟ್ಟುಕೊಳ್ಳಬೇಕು. ‘ಸರಾಗ’ ಪ್ರತಿ ಮೂಳೆಗೂ ಕಳೆದ ಎರಡು ಫ್ರೇಮಿನ ಹೊರಭಂಗಿಯನ್ನು ಇಟ್ಟುಕೊಳ್ಳುತ್ತದೆ. ಎರಡರ ಅಂತರವನ್ನು ಅವಧಿಯಿಂದ ಭಾಗಿಸಿದರೆ ಹಳೆಯ ವೇಗ.

ಹೊಸ ಕ್ಲಿಪ್ಪಿನ ವೇಗಕ್ಕೆ ಕಾಯಬೇಕಾಗಿಲ್ಲ. ಅನಿಮೇಶನ್ ಸಂಪನ್ಮೂಲದ ತಿರುವಿನ ಟ್ರ್ಯಾಕನ್ನು ಯಾವ ಕ್ಷಣಕ್ಕೆ ಬೇಕಾದರೂ ಓದಬಹುದಾದ್ದರಿಂದ 0 ಸೆಕೆಂಡಿನಲ್ಲಿ ಒಮ್ಮೆ, ಅರುವತ್ತನೇ ಒಂದು ಸೆಕೆಂಡಿನಲ್ಲಿ ಒಮ್ಮೆ ಓದಿ, ಆಟ ತೆರೆಯುವಾಗಲೇ ಎಲ್ಲ ಕ್ಲಿಪ್ಪುಗಳ ಆರಂಭವೇಗದ ಪಟ್ಟಿ ಮಾಡಿಕೊಳ್ಳುತ್ತೇನೆ. ಸ್ಥಿತಿ ಬದಲಾಯಿತೇ ಎಂದು ತಿಳಿಯಲು ಸ್ಟೇಟ್ ಮೆಷಿನ್ನಿನ ಈಗಿನ ನೋಡ್ ಯಾವುದು ಎಂದು ಪ್ರತಿ ಫ್ರೇಮಿಗೂ ಕೇಳುವುದು, ಹೆಸರು ಬೇರೆಯಾದರೆ ಬಾಕಿ ಬರೆದುಕೊಳ್ಳುವುದು. ಬಾಣಗಳ ಎಕ್ಸ್‌ಫೇಡ್ ಟೈಮ್ ಎಲ್ಲವೂ ಈಗ ಸೊನ್ನೆ.

ಒಂದು ಬಾಕಿ ತೀರುವ ಮೊದಲೇ ಸ್ಥಿತಿ ಮತ್ತೆ ಬದಲಾದರೆ ಏನು ಎಂಬ ಪ್ರಶ್ನೆ ಕ್ರಾಸ್‌ಫೇಡಿನಲ್ಲಿ ತಲೆನೋವಿನದು, ಮೂರು ಕ್ಲಿಪ್ಪು ಒಟ್ಟಿಗೆ ಬೆರೆಯಬೇಕಾಗುತ್ತದೆ. ಇಲ್ಲಿ ಪ್ರಶ್ನೆಯೇ ಏಳುವುದಿಲ್ಲ. ಬಾಕಿ ಅಳೆಯುವುದು ಸ್ಕ್ರೀನಿನ ಮೇಲಿದ್ದ ಭಂಗಿಯಿಂದ, ಅದು ಎಲ್ಲಿಂದ ಬಂತೆಂಬುದು ಬೇಡ. ಆದರೆ ಫ್ರೇಮ್ ತೊದಲಿದಾಗ ಅಳೆದ ವೇಗ ಕೆಲವೊಮ್ಮೆ ಹುಚ್ಚುಚ್ಚಾಗಿ ಬರುತ್ತದೆ, ಹಾಗಾಗಿ ಪ್ರತಿ ಮೂಳೆಯ ವೇಗಕ್ಕೂ ಒಂದು ಮೇಲ್ಮಿತಿ ಇಟ್ಟದ್ದು ಅಗತ್ಯವೇ.

ಸುತ್ತನ್ನು ಮುಂದಕ್ಕೇ ಒಯ್ಯುವುದು

ಈಗ ಆ 150 ಡಿಗ್ರಿಗೆ ಬರೋಣ. ಇಡೀ ಮೈಯನ್ನು ತಿರುಗಿಸುವ ಬುಡದ ಮೂಳೆಯನ್ನು ಉಳಿದವುಗಳಿಂದ ಬೇರೆ ಇಟ್ಟೆ. ಅದಕ್ಕೆ ಕ್ವಾಟರ್ನಿಯನ್ ಬಾಕಿ ಇಲ್ಲ, ಲಂಬ ಅಕ್ಷದ ಸುತ್ತ ಒಂದೇ ಒಂದು ಕೋನ, ಅದೂ 360ಕ್ಕೆ ಮುಗಿಯದೆ 370, 500, 900 ಎಂದು ಏರುತ್ತಲೇ ಹೋಗುವಂಥದ್ದು. ಪ್ರತಿ ಫ್ರೇಮಿನಲ್ಲಿ ಎಷ್ಟು ಹೆಚ್ಚಾಯಿತೆಂದು ಕೂಡಿಸುತ್ತಾ ಬಂದರೆ ಸುತ್ತಿನ ಲೆಕ್ಕ ತಪ್ಪುವುದಿಲ್ಲ. ಸೆಕೆಂಡಿಗೆ 500 ಡಿಗ್ರಿ ಅಂದರೂ 30 ಫ್ರೇಮಿನ ಫೋನಿನಲ್ಲಿ ಫ್ರೇಮಿಗೆ 17 ಡಿಗ್ರಿಯೊಳಗೆ, ಗೊಂದಲಕ್ಕೆ ಎಡೆಯಿಲ್ಲ.

ಸ್ಥಿತಿ ಬದಲಾದಾಗ ಸುತ್ತಿನ ವೇಗ ಸೆಕೆಂಡಿಗೆ 200 ಡಿಗ್ರಿಗಿಂತ ಹೆಚ್ಚಿದ್ದರೆ ಹತ್ತಿರದ ದಾರಿಯನ್ನು ಬಿಟ್ಟು, ಸುತ್ತುತ್ತಿರುವ ದಿಕ್ಕಿನಲ್ಲೇ ಮುಂದೆ ಸಿಗುವ ನಿಲುವನ್ನು ಗುರಿ ಮಾಡುವುದು. 150 ಡಿಗ್ರಿಯವನಿಗೆ ಗುರಿ 360. ಬಾಕಿ −210, ವೇಗ +500.

ಇಲ್ಲಿ ಅರ್ಧಾಯುವನ್ನು ಕೈಯಂದಾಜಿಗೆ ಬಿಟ್ಟರೆ ಎರಡು ಬಗೆಯಲ್ಲಿ ಕೆಡುತ್ತದೆ. ಅರ್ಧಾಯು ತೀರ ಉದ್ದವಾದರೆ ವೇಷ 360 ದಾಟಿಹೋಗಿ ಮತ್ತೆ ಹಿಂದೆ ಬರುತ್ತದೆ, ನೋಡಲು ಎಡವಿದ ಹಾಗೆ. ತೀರ ಗಿಡ್ಡವಾದರೆ ಸ್ಪ್ರಿಂಗ್ ಅವನನ್ನು ಎಳೆದುಕೊಳ್ಳುತ್ತದೆ, ನಿಲ್ಲಬೇಕಾದವನು ಮೊದಲು ಇನ್ನೂ ಜೋರಾಗಿ ಸುತ್ತಿ ಆಮೇಲೆ ನಿಲ್ಲುತ್ತಾನೆ. ಗಿರಕಿಯಿಂದ ನಿಲುವಿಗೆ ಬರುವ ಕಲಾವಿದ ಇವೆರಡನ್ನೂ ಮಾಡುವುದಿಲ್ಲ, ಅವನ ಸುತ್ತು ಇಳಿಯುತ್ತಾ ಇಳಿಯುತ್ತಾ ಎದುರುಮುಖಕ್ಕೆ ಸರಿಯಾಗಿ ನಿಲ್ಲುತ್ತದೆ.

ಮೇಲಿನ ಐದು ಸಾಲನ್ನು ಕಾಗದದಲ್ಲಿ ಬಿಡಿಸಿದರೆ ಎರಡೂ ಗಡಿ ಸಿಗುತ್ತವೆ. ದಾಟಿಹೋಗದಿರಲು ಯ ಎಂಬುದು ವೇಗ ಭಾಗಿಸು ಕೋನಕ್ಕಿಂತ ದೊಡ್ಡದಿರಬೇಕು. ಮೊದಲಿಗೆ ವೇಗ ಏರದಿರಲು ಅದರ ಎರಡು ಪಟ್ಟಿಗಿಂತ ಚಿಕ್ಕದಿರಬೇಕು. 500 ಭಾಗಿಸು 210 ಅಂದರೆ 2.38, ಹಾಗಾಗಿ ಯ 2.38ಕ್ಕೂ 4.76ಕ್ಕೂ ನಡುವೆ, ಅರ್ಧಾಯುವಿನ ಲೆಕ್ಕದಲ್ಲಿ 0.58ರಿಂದ 0.29 ಸೆಕೆಂಡ್. ‘ಸರಾಗ’ ಪ್ರತಿ ಸಲ ಒಂದೂವರೆ ಪಟ್ಟನ್ನು ತೆಗೆದುಕೊಳ್ಳುತ್ತದೆ, ಈ ಉದಾಹರಣೆಗೆ ಯ 3.57, ಅರ್ಧಾಯು 0.39. ಯಾವ ಕೋನದಲ್ಲಿ, ಯಾವ ವೇಗದಲ್ಲಿ ಸಿಕ್ಕಿಬಿದ್ದರೂ ಸುತ್ತು ತಾನಾಗಿ ಅಳೆದುಕೊಂಡು ನಿಲ್ಲುತ್ತದೆ. ಇಡೀ ಲೈಬ್ರರಿಯಲ್ಲಿ ನನಗೆ ಹೆಚ್ಚು ಖುಷಿ ಕೊಟ್ಟದ್ದು ಈ ಒಂದು ಭಾಗಾಕಾರ.

ಹೆಜ್ಜೆಗೆ ಚೆಂಡೆ ಕೇಳಿಸುವುದು

ಎಲ್ಲ ಮೂಳೆಗೂ 0.15 ಸೆಕೆಂಡ್ ಅರ್ಧಾಯು ಕೊಟ್ಟು ಓಡಿಸಿದ್ದನ್ನು ನೋಡಿ ತಂಗಿಯ ಮಗಳು ಹೇಳಿದ್ದು: “ಮೈ ಚಂದ ಉಂಟು ಮಾವ. ಹೆಜ್ಜೆ ಮಾತ್ರ ಎಲ್ಲಿಗೂ ಬೀಳುವುದಿಲ್ಲ. ಇವನಿಗೆ ಚೆಂಡೆ ಕೇಳುವುದಿಲ್ಲವಾ?”

ಸರಿಯಾದ ಮಾತು. ಪೆಟ್ಟಿನ ಹೊತ್ತಿಗೆ ಪಾದ ಇನ್ನೂ ನೆಲದಿಂದ ನಾಲ್ಕು ಬೆರಳು ಮೇಲೆ ತೇಲುತ್ತಿತ್ತು, ಗೆಜ್ಜೆಯ ಸದ್ದು ಬಂದ ಮೇಲೆ ನಿಧಾನವಾಗಿ ಊರುತ್ತಿತ್ತು. ಮೈಗೆಲ್ಲ ಒಂದೇ ನಯ ಹಚ್ಚಿದರೆ ಕುಣಿತದ ಪೆಟ್ಟೇ ಹೋಗುತ್ತದೆ. ಬೆಲೆಬಾಳುವ ಎಂಜಿನ್ನುಗಳಲ್ಲಿ ಮಾಡಿದ ಆಟಗಳಲ್ಲೂ ಪಾತ್ರಗಳು ಎಣ್ಣೆ ಹಚ್ಚಿದ ಹಾಗೆ ಜಾರುವುದಕ್ಕೆ ಇದೇ ಕಾರಣವೆಂದು ನನ್ನ ಗುಮಾನಿ.

ಹಾಗಾಗಿ ಮೂರನೇ ಕಡತ ಬಂತು: ಮೂಳೆವಾರು ಅರ್ಧಾಯುವಿನ ಪಟ್ಟಿ. ಕಿರೀಟ ಹೊತ್ತ ತಲೆಗೆ 0.22, ಸೊಂಟ ಮತ್ತು ಬೆನ್ನಿಗೆ 0.16, ತೋಳಿಗೆ 0.12, ಮಣಿಕಟ್ಟು ಬೆರಳಿಗೆ 0.08. ಭಾರ ಹೊತ್ತದ್ದು ತಡವಾಗಿ ನಿಲ್ಲಬೇಕು, ಹಗುರದ್ದು ಬೇಗ. ಇವು ಕಣ್ಣಳತೆಯ ಅಂಕಿಗಳು, ನಿಮ್ಮ ಪಾತ್ರಕ್ಕೆ ಬೇರೆಯೇ ಬೇಕಾದೀತು.

ಕಾಲಿಗೆ ಕಣ್ಣಳತೆ ಸಾಲದು. ಮುಂದಿನ ಪೆಟ್ಟು ಎಷ್ಟು ಹೊತ್ತಿಗೆ ಎಂದು ಆಟಕ್ಕೆ ಮೊದಲೇ ಗೊತ್ತಿದೆ, ಆ ಹೊತ್ತಿಗೆ ಬಾಕಿ ಶೇ 2ಕ್ಕೆ ಇಳಿದಿರಬೇಕು ಎಂದು ಹಿಂದಿನಿಂದ ಲೆಕ್ಕ ಹಾಕಿದರೆ ಯ ಸಿಗುತ್ತದೆ: 5.83ನ್ನು ಉಳಿದಿರುವ ಸೆಕೆಂಡಿನಿಂದ ಭಾಗಿಸಿದರೆ ಮುಗಿಯಿತು. ಕಾಲು ಸೆಕೆಂಡ್ ಇದ್ದರೆ ಯ 23.3, ಅರ್ಧಾಯು ಸುಮಾರು 0.06. ಬಾಕಿಗೆ ಆರಂಭದಲ್ಲೇ ವೇಗ ಇದ್ದರೆ ಈ ಶೇ 2 ಅಷ್ಟಿಷ್ಟು ಆಚೀಚೆಯಾಗುತ್ತದೆ, ಪಾದದ ಮಟ್ಟಿಗೆ ಕಣ್ಣಿಗೆ ಬೀಳುವಷ್ಟಲ್ಲ. ಪೆಟ್ಟಿಗೆ 0.08 ಸೆಕೆಂಡಿಗಿಂತ ಕಡಿಮೆ ಉಳಿದಿದ್ದರೆ ಅದನ್ನು ಬಿಟ್ಟು ಅದರ ಮುಂದಿನ ಪೆಟ್ಟಿಗೆ ಗುರಿ. ಇಲ್ಲವಾದರೆ ಕಾಲು ಸೆಳೆತ ಬಂದಂತೆ ಜಿಗಿಯುತ್ತದೆ.

ಪೆಟ್ಟಿನ ಹೊತ್ತು ತಿಳಿಯುವುದರಲ್ಲೂ ಒಂದು ತೊಡಕಿದೆ. ಗೊಡಾಟ್ ಧ್ವನಿಯನ್ನು ತುಂಡು ತುಂಡಾಗಿ ಬೆರೆಸುವುದರಿಂದ ‘ಈಗ ಎಲ್ಲಿಗೆ ಬಂತು’ ಎಂದು ಪ್ಲೇಯರನ್ನು ಕೇಳಿದರೆ ಉತ್ತರ ಮೆಟ್ಟಿಲು ಮೆಟ್ಟಿಲಾಗಿ ಬರುತ್ತದೆ. ಅದಕ್ಕೆ ಕಳೆದ ಬೆರಕೆಯಿಂದ ಈಚೆಗಿನ ಹೊತ್ತನ್ನು ಕೂಡಿಸಿ, ಸ್ಪೀಕರಿಗೆ ತಲುಪುವ ವಿಳಂಬವನ್ನು ಕಳೆಯಬೇಕು. ಎರಡನ್ನೂ ಆಡಿಯೊಸರ್ವರ್ ಕೊಡುತ್ತದೆ. ಬ್ಲೂಟೂತ್ ಇಯರ್‌ಫೋನಿನ ವಿಳಂಬ ಇದಕ್ಕೆ ಸಿಗುವಂಥದ್ದಲ್ಲ, ಆಡುವವರೇ ಹೊಂದಿಸಿಕೊಳ್ಳಲು ಸೆಟ್ಟಿಂಗಿನಲ್ಲಿ ಒಂದು ಜಾರುಪಟ್ಟಿ ಇಟ್ಟಿದ್ದೇನೆ.

ಚೆಂಡೆ ಬಾರಿಸುವ ನೆರೆಮನೆಯ ಭಾವನಿಗೆ ತೋರಿಸಿದೆ. ಮುಕ್ತಾಯ ಬರುವವರೆಗೂ ತಲೆದೂಗುತ್ತಾ ನೋಡಿದವರು ಅಲ್ಲಿ ತಡೆದರು. “ಮುಕ್ತಾಯಕ್ಕೆ ಇದೆಲ್ಲ ಬೇಡ ಮಾರಾಯ. ಕಡಿದ ಹಾಗೆ ನಿಲ್ಲಬೇಕು. ಅಲ್ಲಿ ನಯ ಮಾಡಿದರೆ ಬಾರಿಸಿದ್ದು ದಂಡ.” ಮುಕ್ತಾಯಕ್ಕೆ ಹೋಗುವ ಬಾಣಗಳಿಗೆ ಈಗ ‘ಕಡಿ’ ಎಂಬ ಗುರುತು ಇದೆ. ಅದು ಇದ್ದರೆ ಕೈಕಾಲು, ಬೆನ್ನು, ಕತ್ತಿನ ಬಾಕಿಯನ್ನೆಲ್ಲ ಆ ಕ್ಷಣಕ್ಕೇ ಸೊನ್ನೆ ಮಾಡುತ್ತದೆ, ಕಿರೀಟವೊಂದನ್ನು ಬಿಟ್ಟು. ಮೈ ಗಕ್ಕನೆ ನಿಂತು ಕಿರೀಟ ಮಾತ್ರ ಚೂರು ಅಲುಗಿದರೆ ಆ ನಿಲುವಿಗೆ ತೂಕ ಬರುತ್ತದೆ.

ಪಾದ ನೆಲಕ್ಕೆ ಊರಿದ ಮೇಲೂ ಸೊಂಟದ ಬಾಕಿ ಕರಗುತ್ತಿರುವುದರಿಂದ ಪಾದ ಜಾರುವುದುಂಟು. ಅದಕ್ಕೆ ಊರಿದ ಜಾಗವನ್ನು ಹಿಡಿದಿಟ್ಟು, ತೊಡೆ ಮತ್ತು ಮೊಣಕಾಲನ್ನು ಹೊಂದಿಸುವ ಮಾಮೂಲಿ ಎರಡು ಮೂಳೆಯ ಐಕೆ (ಇನ್ವರ್ಸ್ ಕೈನೆಮ್ಯಾಟಿಕ್ಸ್). ಹೊಸತೇನಿಲ್ಲ. ವೇಷದ ಬಟ್ಟೆಯ ಬಾಲ್ಮುಂಡು, ಗೊಂಡೆಗಳು ತೂಗಾಡುವುದಕ್ಕೆ ಬೇರೆ ಸ್ಪ್ರಿಂಗ್ ಇದೆ. ಮಾಡಿಫೈಯರುಗಳು ಸ್ಕೆಲಿಟನ್ನಿನ ಕೆಳಗೆ ಇಟ್ಟ ಅನುಕ್ರಮದಲ್ಲೇ ಓಡುವುದರಿಂದ ಮೊದಲು ‘ಸರಾಗ’, ಆಮೇಲೆ ಐಕೆ, ಕೊನೆಗೆ ಬಟ್ಟೆ. ಹಿಂದುಮುಂದಾದರೆ ಬಟ್ಟೆ ಹಳೆಯ ಮೈಯನ್ನು ಹಿಂಬಾಲಿಸುತ್ತದೆ. 4.4ಕ್ಕೆ ಏರಿಸಿದ ಮೇಲೆ ಬಟ್ಟೆಯ ಕೆಲಸವನ್ನು ಎಂಜಿನ್ನಿನಲ್ಲೇ ಬಂದಿರುವ ಸ್ಪ್ರಿಂಗ್‌ಬೋನ್ ಸಿಮ್ಯುಲೇಟರಿಗೆ ಒಪ್ಪಿಸುವ ಯೋಚನೆ ಇದೆ.

ದಿಗಿಣ ಗಾಳಿಯಲ್ಲಿರುವಾಗಲೇ ಸ್ಥಿತಿ ಬದಲಾದರೆ ಎತ್ತರದ ಬಾಕಿಯನ್ನು ಸ್ಪ್ರಿಂಗಿಗೆ ಕೊಡಬಾರದು, ಗುರುತ್ವಕ್ಕೇ ಬಿಡಬೇಕು. ಸ್ಪ್ರಿಂಗಿಗೆ ಕೊಟ್ಟರೆ ವೇಷ ಬೀಳುವುದಿಲ್ಲ, ಇಳಿಯುತ್ತದೆ. ಈ ಭಾಗ ಸದ್ಯ ಆಟದ ಕೋಡಿನಲ್ಲೇ ಉಂಟು, ಲೈಬ್ರರಿಗೆ ತಂದಿಲ್ಲ. ಮುಂದಿನದು ಬಣ್ಣದ ವೇಷ. ಅದರ ಕ್ಲಿಪ್ಪುಗಳಿಗೆ ಪುಂಡುವೇಷದ ಪಟ್ಟಿಯನ್ನೇ ಹಚ್ಚಿ ನೋಡಿದರೆ ರಾಕ್ಷಸ ಮಕ್ಕಳ ಹಾಗೆ ಪುಟಿಯುತ್ತಾನೆ. ತಲೆಯ ಅರ್ಧಾಯುವನ್ನು 0.35ಕ್ಕೆ, ಸೊಂಟದ್ದನ್ನು 0.25ಕ್ಕೆ ಏರಿಸಿ ಶುರುಮಾಡಿದ್ದೇನೆ. ಕಾಲಿನ ಲೆಕ್ಕ ಮಾತ್ರ ಅದೇ, ಚೆಂಡೆ ಇಬ್ಬರಿಗೂ ಒಂದೇ ತಾನೆ.